ಸೊಂಟದಲ್ಲಿ ಉಳಿದ ಮಾತು

ಅಕ್ಟೋಬರ್ 25 ಜಪಾನಿನ ಓಕಿನಾವಾ ದ್ವೀಪದಲ್ಲಿ ಕರಾಟೆ ದಿನ. ಬಿಳಿ ಉಡುಪು, ಬಣ್ಣದ ಬೆಲ್ಟು, ಪದಕ ಎಲ್ಲವೂ ನಿನ್ನೆ ಮೊನ್ನೆಯವು. ‘ಬರಿಗೈ’ ಎಂಬ ಹೆಸರೂ ಅಷ್ಟೇ. ಹಾಗಾದರೆ ಆ ದ್ವೀಪದಲ್ಲಿ ಹಳೆಯದು ಅಂತ ಉಳಿದಿರುವುದೇನು? ಮರಳು ತುಂಬಿದ ಜಾಡಿ, ಹಿಡಿ ಹಾಕಿದ ಕಲ್ಲು, ಹುಲ್ಲಿನ ಹಗ್ಗ ಸುತ್ತಿದ ಹಲಗೆ. ಜೊತೆಗೆ, ಶಾಲೆಯಲ್ಲಿ ಆಡಿದರೆ ಕೊರಳಿಗೆ ಹಲಗೆ ಬೀಳುತ್ತಿದ್ದ ಭಾಷೆಯ ಮೂರು ಮಾತು.

ಜಾಡಿಗೆ ಹಿಡಿಕೆ ಇಲ್ಲ. ಉಪ್ಪಿನಕಾಯಿ ಭರಣಿಯ ಗಾತ್ರ, ಬಾಯಿಗೊಂದು ದಪ್ಪ ಅಂಚು. ಆ ಅಂಚಿನ ಕೆಳಗೆ ಬೆರಳ ತುದಿಗಳನ್ನು ಊರಿ, ಅಂಗೈಯನ್ನು ಬಾಯಿಯ ಮೇಲೆ ಕವುಚಿ ಎತ್ತಬೇಕು. ಕೈಗೊಂದರಂತೆ ಎರಡು ಜಾಡಿ.

ಎತ್ತಿದರೆ ಮುಗಿಯಲಿಲ್ಲ, ನಡೆಯಬೇಕು. ಅದೂ ಬೀದಿಯಲ್ಲಿ ನಡೆದ ಹಾಗಲ್ಲ. ಹಿಂದಿನ ಪಾದ ನೆಲವನ್ನು ಸವರಿಕೊಂಡೇ ಬಂದು, ಒಳಗಾಲಿನ ಪಕ್ಕಕ್ಕೆ ತಾಗುವಷ್ಟು ಹತ್ತಿರ ಹಾದು, ಅರ್ಧಚಂದ್ರ ಬರೆದಂತೆ ಮುಂದಕ್ಕೆ ಹೋಗಿ ನಿಲ್ಲಬೇಕು. ಮೊಣಕಾಲು ಸಡಿಲವಾಗಿ ಬಾಗಿರಬೇಕು. ಭುಜ ಕಿವಿಯ ಕಡೆ ಏರಿತೋ, ಗುರುವಿನ ಅಂಗೈ ಅದನ್ನು ಕೆಳಗೆ ಒತ್ತುತ್ತದೆ. ಹೊಸಬರಿಗೆ ಖಾಲಿ ಜಾಡಿ. ಅದು ಹಗುರ ಅನ್ನಿಸತೊಡಗಿದ ದಿನ ಒಳಗೊಂದು ಹಿಡಿ ಮರಳು ಬೀಳುತ್ತದೆ. ಆಮೇಲೆ ಇನ್ನೊಂದು ಹಿಡಿ. ಜಾಡಿ ಎಂದೂ ಹಗುರವಾಗಬಾರದು, ಲೆಕ್ಕ ಅಷ್ಟೇ.

ಓಕಿನಾವಾದ ರಾಜಧಾನಿ ನಾಹಾ ನಗರದ ಓಣಿಗಳಲ್ಲಿ ಇಂಥ ಜಾಡಿಗಳನ್ನಿಟ್ಟುಕೊಂಡ ಪುಟ್ಟ ದೋಜೊಗಳು ಈಗಲೂ ಇವೆ. ದೋಜೊ ಎಂದರೆ ನಮ್ಮ ಗರಡಿಮನೆಯಂಥದ್ದು. ಹಲವು ಕಡೆ ಅದು ಗುರುವಿನ ಮನೆಗೇ ಅಂಟಿಕೊಂಡ ಒಂದು ಕೋಣೆ. ಹಗಲು ಬೇರೆ ಕೆಲಸ ಮಾಡಿಕೊಂಡಿರುವ ಗುರು, ಸಂಜೆ ಬಾಗಿಲು ತೆಗೆಯುತ್ತಾರೆ. ಇಡೀ ದ್ವೀಪಸಮೂಹದಲ್ಲಿ ದೋಜೊಗಳ ಸಂಖ್ಯೆ ನಾನ್ನೂರರ ಆಸುಪಾಸು.

ಅದೇ ಊರಿನ ಕೊಕುಸಾಯ್ ರಸ್ತೆಯಲ್ಲಿ 2016ರ ಅಕ್ಟೋಬರ್ 23ರ ಭಾನುವಾರ ಕಂಡ ನೋಟವೇ ಬೇರೆ. ಅಂಗಡಿಗಳ ನಡುವಿನ ಡಾಂಬರು ರಸ್ತೆಯ ಉದ್ದಕ್ಕೂ ಬಿಳಿ ಉಡುಪಿನ 3,973 ಜನ ಸಾಲುಗಟ್ಟಿ ನಿಂತು ಒಂದೇ ‘ಕತಾ’ವನ್ನು ಒಟ್ಟಿಗೆ ಮಾಡಿದರು. ಗಿನ್ನೆಸ್ ಪುಸ್ತಕಕ್ಕೊಂದು ದಾಖಲೆಯಾಯಿತು. ಕತಾ ಎಂದರೆ ಏಟು, ತಡೆ, ಹೆಜ್ಜೆಗಳನ್ನು ಕ್ರಮವಾಗಿ ಪೋಣಿಸಿದ ವರಸೆ. ಎದುರಾಳಿ ಕಣ್ಣೆದುರಿಗೆ ಇರುವುದಿಲ್ಲ, ಇದ್ದಾನೆಂದು ಮೈ ನಂಬಬೇಕು.

ಜಾಡಿ ಮತ್ತು ಜಾತ್ರೆ, ಎರಡೂ ಓಕಿನಾವಾದವೇ. ಅವುಗಳ ನಡುವೆ ಒಂದು ಶತಮಾನದ ಕಥೆಯಿದೆ.

ಉಚ್ಚಾರ ಅದೇ, ಅಕ್ಷರ ಬೇರೆ

ಓಕಿನಾವಾದವರ ಬಾಯಲ್ಲಿ ಅದು ‘ಕರತೆ’. ನಮ್ಮ ‘ಕರಾಟೆ’ಯ ದೀರ್ಘವೂ ‘ಟೆ’ಯೂ ಇಂಗ್ಲಿಷಿನ ದಾರಿಯಲ್ಲಿ ಬಂದವು. ಕನ್ನಡದ ಕಿವಿಗೆ ಆ ಪದದೊಂದಿಗೆ ಮೊದಲು ನೆನಪಾಗುವುದು ಶಂಕರ್‌ನಾಗ್. ಅಭಿಮಾನಿಗಳು ಕೊಟ್ಟ ‘ಕರಾಟೆ ಕಿಂಗ್’ ಬಿರುದು ಆಟೋಗಳ ಬೆನ್ನ ಮೇಲೆ ಊರೆಲ್ಲ ಸುತ್ತಿದೆ.

ಅಕ್ಟೋಬರ್ 25ಕ್ಕೆ ಬರೋಣ. 1936ರ ಆ ದಿನ ‘ರ್ಯೂಕ್ಯೂ ಶಿಂಪೊ’ ಪತ್ರಿಕೆ ನಾಹಾದಲ್ಲಿ ಒಂದು ಸಭೆ ಕರೆಯಿತು. ಹನಾಶಿರೊ ಚೋಮೊ, ಕ್ಯಾನ್ ಚೋತೊಕು, ಮೊತೊಬು ಚೋಕಿ, ಮಿಯಾಗಿ ಚೋಜುನ್, ಚಿಬಾನಾ ಚೋಶಿನ್, ಹೀಗೆ ದ್ವೀಪದ ಘಟಾನುಘಟಿಗಳೆಲ್ಲ ಬಂದಿದ್ದರು. ಜೊತೆಗೆ ಶಿಕ್ಷಣ ಇಲಾಖೆ, ಪೊಲೀಸು ಮತ್ತು ಸೇನೆಯ ಅಧಿಕಾರಿಗಳೂ ಇದ್ದರು. ಒಂದು ವಿದ್ಯೆಯ ಹೆಸರು ಚರ್ಚಿಸಲು ಸೇನೆಯವರೇಕೆ ಎಂದು ಕೇಳಿದರೆ, ಉತ್ತರವೂ ಅಲ್ಲೇ ಸಿಗುತ್ತದೆ.

ಅದುವರೆಗೆ ‘ಕರತೆ’ಯನ್ನು ಬರೆಯುತ್ತಿದ್ದ ಮೊದಲ ಅಕ್ಷರಕ್ಕೆ ಚೀನಾದ ತಾಂಗ್ ವಂಶ ಎಂದರ್ಥ. ಅಂದರೆ ‘ಚೀನೀ ಕೈ’. ಅದೇ ‘ಕರ’ ಎಂದು ಓದಬಹುದಾದ ಇನ್ನೊಂದು ಅಕ್ಷರಕ್ಕೆ ‘ಖಾಲಿ’ ಎಂಬರ್ಥವಿದೆ. ಹನಾಶಿರೊ 1905ರಷ್ಟು ಹಿಂದೆಯೇ ಆ ಅಕ್ಷರ ಬಳಸಿದ್ದರು. ಟೋಕಿಯೊದಲ್ಲಿ ನೆಲೆಸಿದ್ದ ಫುನಾಕೊಶಿ ಗಿಚಿನ್ ಕೂಡ ತಮ್ಮ 1935ರ ಪುಸ್ತಕದಲ್ಲಿ ಅದನ್ನೇ ಬಳಸಿದರು. ಚೀನಾದ ಹೆಸರು ಹೊತ್ತ ಯಾವುದನ್ನೂ ಅಭಿಮಾನದಿಂದ ಎತ್ತಿ ಹಿಡಿಯುವ ಕಾಲ ಅದಾಗಿರಲಿಲ್ಲ. ಸಭೆ ನಡೆದು ಒಂಬತ್ತು ತಿಂಗಳೊಳಗೆ ಜಪಾನ್ ಮತ್ತು ಚೀನಾ ನಡುವೆ ಪೂರ್ಣ ಪ್ರಮಾಣದ ಯುದ್ಧವೇ ಶುರುವಾಯಿತು. ಚೀನೀ ಕೈ ಹೋಗಿ ಬರಿಗೈ ಬಂತು. ಕೇಳುವ ಕಿವಿಗೆ ಮಾತ್ರ ಏನೂ ಬದಲಾಗಲಿಲ್ಲ.

ಆ ಸಭೆಯ ವರದಿಯಲ್ಲಿ ಮಿಯಾಗಿಯವರ ಒಂದು ಮಾತಿದೆ. ತಮ್ಮಲ್ಲಿಗೆ ಕಲಿಯಲು ಬರುವವರು ಕೇಳುವುದು ‘ತೀ’ ಹೇಳಿಕೊಡಿ ಎಂದು, ಎಂಬರ್ಥದ ಮಾತು. ‘ತೀ’ ಎಂದರೆ ಓಕಿನಾವಾದ ನುಡಿಯಲ್ಲಿ ಕೈ. ಬರೀ ಕೈ, ಚೀನಾದ್ದೂ ಅಲ್ಲ, ಖಾಲಿಯೂ ಅಲ್ಲ.

2005ರಲ್ಲಿ ಓಕಿನಾವಾದ ಪ್ರಾಂತೀಯ ಸಭೆ ಕರಾಟೆಗೊಂದು ದಿನ ಗೊತ್ತುಮಾಡಬೇಕೆಂದಾಗ ಆರಿಸಿಕೊಂಡದ್ದು, ವಿದ್ಯೆ ಹುಟ್ಟಿದ ದಿನವನ್ನಲ್ಲ, ಹೆಸರು ಬದಲಾಯಿಸಿಕೊಂಡ ಈ ದಿನವನ್ನು. ಹುಟ್ಟಿದ ದಿನ ಗೊತ್ತಿದ್ದರೆ ತಾನೆ?

[ಚೌಕಟ್ಟು] ಕಂಚಿಯ ರಾಜಕುಮಾರ

ಭಾರತದ ಕರಾಟೆ ತರಗತಿಗಳಲ್ಲಿ ಒಂದು ಕಥೆ ಕೇಳದೆ ಯಾರೂ ಬೆಲ್ಟು ಪಡೆಯುವುದಿಲ್ಲ: ಕಂಚಿಯಿಂದ ಹೊರಟ ಬೋಧಿಧರ್ಮ ಶಾವೊಲಿನ್ ಮಠದ ಭಿಕ್ಷುಗಳಿಗೆ ಯುದ್ಧವಿದ್ಯೆ ಕಲಿಸಿದ, ಅದೇ ಕರಾಟೆಯ ಬೇರು. 2011ರ ತಮಿಳು ಚಿತ್ರ ‘ಏಳಾಂ ಅರಿವು’ ಇದಕ್ಕೆ ಇನ್ನಷ್ಟು ನೀರೆರೆಯಿತು. ಆದರೆ ಬೋಧಿಧರ್ಮನ ಹೆಸರನ್ನು ವ್ಯಾಯಾಮದೊಂದಿಗೆ ಜೋಡಿಸಿದ ಚೀನೀ ಗ್ರಂಥ 17ನೇ ಶತಮಾನದ್ದು, ಆತನ ಕಾಲಕ್ಕಿಂತ ಸಾವಿರ ವರ್ಷ ಈಚಿನದು. ಓಕಿನಾವಾದ ಗುರು ಇತೊಸು ಅಂಕೊ 1908ರಲ್ಲಿ ಬರೆದ ಪ್ರಸಿದ್ಧ ಪತ್ರ ಶುರುವಾಗುವುದೇ, ಈ ವಿದ್ಯೆ ಬೌದ್ಧ ಮತದಿಂದಾಗಲಿ ಕನ್‌ಫ್ಯೂಷಿಯಸ್‌ನ ಪಂಥದಿಂದಾಗಲಿ ಬಂದದ್ದಲ್ಲ ಎಂಬ ಸ್ಪಷ್ಟನೆಯೊಂದಿಗೆ.

ರೈತರ ಕೈಯಲ್ಲ, ಗುಮಾಸ್ತರ ಕೈ

ಇನ್ನೊಂದು ಕಥೆಯೂ ಸಿನಿಮಾದಷ್ಟೇ ಚೆಂದ. ರಾಜರು ಆಯುಧ ಕಿತ್ತುಕೊಂಡರು, 1609ರಲ್ಲಿ ದಾಳಿಯಿಟ್ಟ ಜಪಾನಿನ ಸತ್ಸುಮಾ ಸಾಮಂತರು ಉಳಿದದ್ದನ್ನೂ ಬಾಚಿಕೊಂಡರು, ಆಗ ಬಡ ರೈತರು ರಾತ್ರಿ ಹೊತ್ತು ಕದ್ದುಮುಚ್ಚಿ ಬರಿಗೈ ಕಾಳಗ ಕಲಿತರು ಎಂಬ ಕಥೆ.

ರಾತ್ರಿಯ ಅಭ್ಯಾಸ ನಿಜ. ಫುನಾಕೊಶಿಯೇ ತಮ್ಮ ಗುರುವಿನ ಅಂಗಳದಲ್ಲಿ ರಾತ್ರಿಗಳನ್ನು ಕಳೆದವರು. ಆದರೆ ಹೆಸರು ಗೊತ್ತಿರುವ ಗುರುಗಳ ಪಟ್ಟಿ ಹಿಡಿದು ಕೂತರೆ ನೇಗಿಲು ಹಿಡಿದವರು ಸಿಗುವುದು ಕಷ್ಟ. ಮತ್ಸುಮುರಾ ಸೋಕೊನ್, ಓಕಿನಾವಾವನ್ನು ಆಗ ಆಳುತ್ತಿದ್ದ ರ್ಯೂಕ್ಯೂ ರಾಜ್ಯದ ಅರಸರ ಅಂಗರಕ್ಷಕ. ಇತೊಸು ಬರವಣಿಗೆಯ ಕೆಲಸದ ಅಧಿಕಾರಿ. ಮೊತೊಬು ರಾಜವಂಶದ ಕವಲಿನವರು. ಫುನಾಕೊಶಿ ಶಾಲಾ ಮೇಷ್ಟ್ರು. ಶುರಿಯ ಅರಮನೆಯ ಸುತ್ತ, ನಾಹಾ ಬಂದರಿನಲ್ಲಿ ಮತ್ತು ಪಕ್ಕದ ತೊಮಾರಿಯಲ್ಲಿ, ಕೆಲವೇ ಕಿಲೊಮೀಟರ್ ಅಂತರದ ಮೂರು ಕೇರಿಗಳಲ್ಲಿ, ಬಹುಪಾಲು ಕುಲೀನರು ಬೆಳೆಸಿದ ವಿದ್ಯೆ ಇದು. ಶುರಿ-ತೆ, ನಾಹಾ-ತೆ, ತೊಮಾರಿ-ತೆ ಎಂಬ ಹೆಸರು ಬಂದದ್ದು ಹಾಗೆ.

ಚೀನಾದ ನಂಟು ಮುಚ್ಚಿಡುವಂಥದ್ದೂ ಅಲ್ಲ. 1372ರಿಂದ ರ್ಯೂಕ್ಯೂ ಅರಸರು ಚೀನಾಕ್ಕೆ ಕಪ್ಪ ಕಳಿಸುತ್ತಿದ್ದರು. ನಾಹಾದ ಕುಮೆ ಕೇರಿಯಲ್ಲಿ ಚೀನೀ ಕುಟುಂಬಗಳು ನೆಲೆಸಿದ್ದವು. ಎದುರು ದಡದ ಫೂಜೊ ನಗರದಲ್ಲಿ ರ್ಯೂಕ್ಯೂ ಜನರಿಗೆಂದೇ ಬಿಡಾರವಿತ್ತು. 1879ರಲ್ಲಿ ಜಪಾನ್ ಆ ಪುಟ್ಟ ರಾಜ್ಯವನ್ನು ಅಳಿಸಿ ಓಕಿನಾವಾ ಪ್ರಾಂತ್ಯ ಎಂದು ಹೆಸರಿಟ್ಟಿತು. ದೊರೆ ಟೋಕಿಯೊಗೆ ಹೋದ, ಅರಮನೆಯನ್ನೇ ನಂಬಿದ್ದ ಹಲವರ ಸಂಬಳ ನಿಂತಿತು.

ಮೂರು ಹೆಜ್ಜೆಯ ಶಿಕ್ಷೆ

ಹಿಗಾಓನ್ನಾ ಕಾನ್‌ರ್ಯೊ (1853–1915) ಕುಟುಂಬದ ಕಸುಬು ದೋಣಿಯಲ್ಲಿ ಸೌದೆ ತಂದು ಮಾರುವುದು. 19ನೇ ಶತಮಾನದ ಕೊನೆಯ ಭಾಗದಲ್ಲಿ ಫೂಜೊಗೆ ಹೋಗಿ ಕಲಿತು ಬಂದ ಈತ ನಾಹಾ-ತೆಯ ದೊಡ್ಡ ಗುರು. ಅವರಲ್ಲಿ ಕಲಿಯಲು ಹೋದವರಿಗೆ ಸಿಗುತ್ತಿದ್ದದ್ದು ಒಂದೇ ಕತಾ: ‘ಸಾಂಚಿನ್’. ಮೂರು ಕದನ ಎಂದು ಅದರ ಅರ್ಥ. ಮೂರು ನಾಲ್ಕು ವರ್ಷ ಅದೊಂದೇ.

ನೋಡಲು ಸಾಂಚಿನ್‌ನಷ್ಟು ಬೇಸರದ ವಸ್ತು ಇನ್ನೊಂದಿಲ್ಲ. ಒದೆತವಿಲ್ಲ, ನೆಗೆತವಿಲ್ಲ. ಮೂರು ಹೆಜ್ಜೆ ಮುಂದೆ, ಒಂದಿಷ್ಟು ಹೊಡೆತ, ಹಿಂದಕ್ಕೊಂದು ಸರಿತ. ಆದರೆ ಬರಿಮೈಯಲ್ಲಿ ನಿಂತವನ ಬಳಿ ಹೋದರೆ ಬೇರೆಯದೇ ಕಾಣುತ್ತದೆ. ಹೆಬ್ಬೆರಳುಗಳು ಒಳಕ್ಕೆ ತಿರುಗಿ ನೆಲ ಕಚ್ಚಿವೆ. ಬಾಲದ ಮೂಳೆ ಒಳಗೆ ಸರಿದು ಬೆನ್ನಿನ ಕೆಳಭಾಗ ಸಪಾಟಾಗಿದೆ. ಮೊಣಕೈ ಪಕ್ಕೆಯಿಂದ ಒಂದು ಮುಷ್ಟಿಯಷ್ಟೇ ದೂರ. ಉಸಿರು ಹೊಟ್ಟೆಯ ಬುಡದಿಂದ ಗಂಟಲನ್ನು ಉಜ್ಜಿಕೊಂಡು ಬರುತ್ತಿದೆ, ತಿದಿಯೊತ್ತಿದಂತೆ. ಮುಷ್ಟಿ ಮುಂದೆ ಹೋಗುವುದು ನಿಧಾನವಾಗಿ, ಕೆಸರಿನಲ್ಲಿ ಕೈ ಆಡಿಸಿದ ಹಾಗೆ.

ಗುರು ಹಿಂದೆ ಬಂದು ನಿಲ್ಲುತ್ತಾರೆ. ಎರಡೂ ಅಂಗೈಗಳಿಂದ ಭುಜದ ಮೇಲೆ ಚಟೀರ್. ತೊಡೆಯನ್ನು ಒತ್ತಿ ನೋಡುತ್ತಾರೆ, ಪಕ್ಕೆಯ ಸ್ನಾಯು ಬಿಗಿದಿದೆಯೇ ಎಂದು ಬೆರಳಲ್ಲಿ ಹುಡುಕುತ್ತಾರೆ. ಈ ತಪಾಸಣೆಗೆ ‘ಶಿಮೆ’ ಎಂದು ಹೆಸರು. ಹೊರಗಿನವರಿಗೆ ಇದು ಹೊಡೆತದಂತೆ ಕಂಡರೂ ಕುಂಬಾರ ಹಸಿ ಮಡಕೆಯನ್ನು ತಟ್ಟಿ ನೋಡುವ ರೀತಿ ಇದು. ಎಲ್ಲಿ ಟೊಳ್ಳು, ಎಲ್ಲಿ ಗಟ್ಟಿ ಎಂದು ಕೈಗೆ ತಿಳಿಯಬೇಕು. ಕನ್ನಡಿ ಮುಂದೆ ನಿಂತು ಕಲಿತರೆ ಈ ವಿದ್ಯೆ ಬರುವುದಿಲ್ಲ ಎನ್ನುವುದಕ್ಕೆ ಕಾರಣವೂ ಇದೇ.

14ನೆಯ ವಯಸ್ಸಿಗೆ ಹಿಗಾಓನ್ನಾ ಬಳಿ ಸೇರಿದ ಮಿಯಾಗಿ ಚೋಜುನ್ (1888–1953) ಮುಂದೆ ಈ ಪರಂಪರೆಯ ವಾರಸುದಾರರಾದರು. ಅವರ ವಿದ್ಯೆಗೂ ಬಹುಕಾಲ ಹೆಸರಿರಲಿಲ್ಲ. 1930ರಲ್ಲಿ ಅವರ ಹಿರಿಯ ಶಿಷ್ಯ ಶಿಂಜಾತೊ ಜಿನ್‌ಆನ್ ಟೋಕಿಯೊದಲ್ಲಿ ಪ್ರದರ್ಶನ ನೀಡಿದಾಗ, ನಿಮ್ಮದು ಯಾವ ಪಂಥ ಎಂದು ಯಾರೋ ಕೇಳಿದರು. ಶಿಷ್ಯ ತಬ್ಬಿಬ್ಬು. ‘ಅರೆಗಟ್ಟಿ ಪಂಥ’ ಎಂಬರ್ಥದ ಹೆಸರೊಂದನ್ನು ಅಲ್ಲೇ ಹೊಸೆದು ಹೇಳಿ ಪಾರಾಗಿ ಊರಿಗೆ ಬಂದು ಗುರುವಿಗೆ ಒಪ್ಪಿಸಿದ. ಮಿಯಾಗಿ ಬೈಯಲಿಲ್ಲ. ಹಳೆಯ ಚೀನೀ ಗ್ರಂಥ ‘ಬುಬಿಶಿ’ಯಿಂದ ಗಟ್ಟಿ ಮತ್ತು ಮೆದು ಎಂಬ ಜೋಡಿ ಪದ ಆರಿಸಿ ‘ಗೋಜು’ ಎಂದು ಹೆಸರಿಟ್ಟರು. ಇಂದು ಬೆಂಗಳೂರು, ಮಂಗಳೂರಿನ ತರಗತಿಗಳ ಫಲಕಗಳಲ್ಲೂ ಕಾಣುವ ‘ಗೋಜು-ರ್ಯು’ ಹುಟ್ಟಿದ್ದು ಹೀಗೊಂದು ಪೇಚಿನಿಂದ.

[ಚೌಕಟ್ಟು] ಅಂಗಳದ ಸಾಮಾನು

*ಮಕಿವಾರಾ:* ನೆಲದಲ್ಲಿ ಹೂತ ಹಲಗೆ. ಬುಡ ದಪ್ಪ, ಮೇಲೆ ಹೋದಂತೆ ತೆಳು, ಹೊಡೆದರೆ ಬಳುಕಬೇಕು. ತುದಿಗೆ ಹುಲ್ಲಿನ ಹಗ್ಗ. ಗೆಣ್ಣು ಕಲ್ಲಾಗಿಸುವುದು ಇದರ ಗುರಿ ಎಂದುಕೊಂಡವರೇ ಹೆಚ್ಚು. ಹಲಗೆ ತಿರುಗಿ ಒತ್ತಿದಾಗ ಮಣಿಕಟ್ಟು, ಭುಜ, ಹಿಮ್ಮಡಿ ಎಲ್ಲಿ ಸಡಿಲವಿದೆ ಎಂದು ತಿಳಿಯುವುದೇ ನಿಜವಾದ ಪಾಠ. ಇತೊಸು ಲೆಕ್ಕ: ದಿನಕ್ಕೆ ನೂರರಿಂದ ಇನ್ನೂರು ಹೊಡೆತ.

*ಚಿ-ಇಶಿ:* ಮರದ ಹಿಡಿಗೆ ಒಂದೇ ಕಡೆ ಕೂರಿಸಿದ ಕಲ್ಲು. ನಮ್ಮ ಗರಡಿಯ ಗದೆಯ ಗಿಡ್ಡ ತಮ್ಮ.

*ಇಶಿ-ಸಾಶಿ:* ಬೀಗದ ಆಕಾರದಲ್ಲಿ ಕಡೆದ, ಹಿಡಿಕೆಯಿರುವ ಕಲ್ಲು. ಸಂಗ್ರಾಣಿ ಕಲ್ಲು ಎತ್ತುವ ಉತ್ತರ ಕರ್ನಾಟಕದ ಪೈಲ್ವಾನರು ನೋಡಿದರೆ ನಕ್ಕಾರು, ಗಾತ್ರ ಅಷ್ಟು ಚಿಕ್ಕದು. ಆದರೆ ಇದನ್ನು ಎತ್ತಿಟ್ಟರೆ ಸಾಲದು, ಹಿಡಿದುಕೊಂಡೇ ಹೊಡೆಯಬೇಕು, ತಡೆಯಬೇಕು.

*ಕೊಂಗೊಕೆನ್:* ಉದ್ದನೆಯ ಕಬ್ಬಿಣದ ಬಳೆ. 1934ರಲ್ಲಿ ಹವಾಯಿಗೆ ಹೋಗಿದ್ದ ಮಿಯಾಗಿ ಅಲ್ಲಿನ ಕುಸ್ತಿಪಟುಗಳ ಬಳಿ ಕಂಡು ಮೆಚ್ಚಿ ತಂದದ್ದು. ‘ಸಾಂಪ್ರದಾಯಿಕ’ ಸಲಕರಣೆಗೂ ಹಡಗಿನ ಟಿಕೆಟ್ಟು ಇರಬಹುದು.

ಶಾಲೆಯ ಅಂಗಳ, ಕೊರಳ ಹಲಗೆ

ಕತ್ತಲಲ್ಲಿ ಒಬ್ಬಿಬ್ಬರಿಗೆ ಹೇಳಿಕೊಡುತ್ತಿದ್ದ ವಿದ್ಯೆಯನ್ನು ಹಗಲಿಗೆ ತಂದವರು ಇತೊಸು (1831–1915). 1901ರಲ್ಲಿ ಶುರಿಯ ಪ್ರಾಥಮಿಕ ಶಾಲೆಗೆ, 1905ರಲ್ಲಿ ಮಾಧ್ಯಮಿಕ ಶಾಲೆಗೆ ಕರಾಟೆ ಕಾಲಿಟ್ಟಿತು. ಐವತ್ತು ಮಕ್ಕಳನ್ನು ಒಟ್ಟಿಗೆ ನಿಲ್ಲಿಸಿ ಒಬ್ಬೊಬ್ಬರ ಪಕ್ಕೆ ಒತ್ತಿ ನೋಡಲು ಆಗುತ್ತದೆಯೆ? ಹಾಗಾಗಿ ಇತೊಸು ‘ಪಿನಾನ್’ ಎಂಬ ಐದು ಸಣ್ಣ ಕತಾಗಳನ್ನು ಕಟ್ಟಿದರು. ಸಾಲು, ಎಣಿಕೆ, ಒಂದೇ ಏಟಿಗೆ ಎಲ್ಲರ ಮುಷ್ಟಿ. ಇಂದು ಜಗತ್ತಿನ ಯಾವ ಮೂಲೆಯ ಕರಾಟೆ ತರಗತಿಗೆ ಹೋದರೂ ಕಾಣುವ ಚಿತ್ರ ಇದೇ. ಹಳೆಯ ಪದ್ಧತಿ ಎಂದು ನಾವು ಕೈಮುಗಿಯುವುದು ವಾಸ್ತವದಲ್ಲಿ ಡ್ರಿಲ್ ಮೇಷ್ಟ್ರ ಪದ್ಧತಿಗೆ.

1908ರ ಅಕ್ಟೋಬರಿನಲ್ಲಿ ಅವರು ಅಧಿಕಾರಿಗಳಿಗೆ ಹತ್ತು ಅಂಶಗಳ ಪತ್ರ ಬರೆದರು. ತಂದೆತಾಯಿ ಮತ್ತು ಒಡೆಯನ ರಕ್ಷಣೆಗೆ ಮಾತ್ರ ಬಳಸಿ, ಬೀದಿಜಗಳಕ್ಕಲ್ಲ ಎಂಬ ಬುದ್ಧಿವಾದ ಅದರಲ್ಲಿದೆ. ಜೊತೆಗೇ, ಮಕ್ಕಳಿಗೆ ಕರಾಟೆ ಕಲಿಸಿದರೆ ಮುಂದೆ ಒಳ್ಳೆಯ ಸೈನಿಕರಾಗುತ್ತಾರೆ ಎಂಬ ಆಮಿಷವೂ ಇದೆ. ನೆಪೋಲಿಯನ್‌ನನ್ನು ಸೋಲಿಸಿದ ವೆಲಿಂಗ್ಟನ್‌ನ ಮಾತನ್ನೂ ಮುದುಕ ಸಾಕ್ಷಿಗೆ ಕರೆದಿದ್ದಾರೆ. ಸರ್ಕಾರದ ಕಡತ ಸರಿಯಬೇಕಾದರೆ ಯಾವ ಹೆಸರು ಹೇಳಬೇಕೆಂದು ಗುಮಾಸ್ತರಾಗಿದ್ದವರಿಗೆ ತಿಳಿಯದೆ?

ಅದೇ ಕಾಲದ ಓಕಿನಾವಾ ಶಾಲೆಗಳಲ್ಲಿ ಇನ್ನೊಂದು ವಸ್ತು ಇತ್ತು. ‘ಹೋಗೆನ್ ಫುದಾ’, ಎಂದರೆ ಉಪಭಾಷೆಯ ಹಲಗೆ. ಮನೆಮಾತು ಬಾಯಿತಪ್ಪಿ ಬಂದರೆ ಆ ಮರದ ತುಂಡು ಮಗುವಿನ ಕೊರಳಿಗೆ. ಅದನ್ನು ಕಳಚಿಕೊಳ್ಳಲು ಒಂದೇ ದಾರಿ: ಮನೆಮಾತು ಆಡಿದ ಇನ್ನೊಬ್ಬ ಸಹಪಾಠಿಯನ್ನು ಹಿಡಿದುಕೊಡುವುದು. ಕನ್ನಡ ಮಾತಾಡಿದ್ದಕ್ಕೆ ದಂಡ ಕಟ್ಟಿದ ನೆನಪಿರುವ ಓದುಗರಿಗೆ ಇದನ್ನು ವಿವರಿಸಬೇಕಿಲ್ಲ. ದ್ವೀಪದ ಕೈಗೆ ಶಾಲೆಯಲ್ಲಿ ಜಾಗ ಸಿಕ್ಕಿತು, ದ್ವೀಪದ ನಾಲಿಗೆಗೆ ಸಿಗಲಿಲ್ಲ.

ಬಿಳಿ ಬಟ್ಟೆ, ಕಪ್ಪು ಬೆಲ್ಟು

1922ರಲ್ಲಿ ಫುನಾಕೊಶಿ ಟೋಕಿಯೊಗೆ ಹೋಗಿ ಪ್ರದರ್ಶನ ನೀಡಿದರು, ಅಲ್ಲೇ ಉಳಿದರು. ಜೂಡೊ ಪಿತಾಮಹ ಕಾನೊ ಜಿಗೊರೊ ಅವರ ಆಸರೆ ಸಿಕ್ಕಿತು. ಜೂಡೊದ ಬಿಳಿ ಉಡುಪು ತೆಳುವಾಗಿ ಕರಾಟೆಗೆ ಬಂತು. ಬೆಲ್ಟು ಮತ್ತು ‘ದಾನ್’ ದರ್ಜೆಯೂ ಅಲ್ಲಿಂದಲೇ ಬಂದವು. 1924ರಲ್ಲಿ ಫುನಾಕೊಶಿ ಮೊದಲ ದಾನ್‌ಗಳನ್ನು ಕೊಟ್ಟರು.

ಶಿಸ್ತಿನ ಮೇಷ್ಟ್ರಾದ ಅವರಿಗೂ ನಾಹಾದ ಸೂಳೆಗೇರಿಯ ಬೀದಿಗಳಲ್ಲಿ ಹೊಡೆದಾಡಿ ತನ್ನ ವಿದ್ಯೆ ಪರೀಕ್ಷಿಸಿಕೊಂಡಿದ್ದ ಮೊತೊಬು ಚೋಕಿಗೂ ಎಣ್ಣೆ ಸೀಗೆಕಾಯಿ. ಐವತ್ತು ದಾಟಿದ ಮೊತೊಬು ಕ್ಯೋಟೊದಲ್ಲಿ ವಿದೇಶಿ ಬಾಕ್ಸರ್ ಒಬ್ಬನನ್ನು ಕೆಡವಿದ ಸುದ್ದಿಯನ್ನು 1925ರಲ್ಲಿ ‘ಕಿಂಗು’ ಎಂಬ ಜನಪ್ರಿಯ ಪತ್ರಿಕೆ ಚಿತ್ರಸಮೇತ ಪ್ರಕಟಿಸಿತು. ಹೆಸರು ಮೊತೊಬುವಿನದು, ಚಿತ್ರದಲ್ಲಿದ್ದ ಮುಖ ಫುನಾಕೊಶಿಯದು! ಇಬ್ಬರಲ್ಲಿ ಯಾರು ಹೆಚ್ಚು ಸಿಟ್ಟಾಗಿರಬೇಕು ಎಂಬುದನ್ನು ಓದುಗರೇ ಊಹಿಸಲಿ.

ಮಿಯಾಗಿ ಮಾತ್ರ ಬದುಕಿರುವವರೆಗೆ ಒಬ್ಬ ಶಿಷ್ಯನಿಗೂ ದಾನ್ ಕೊಡಲಿಲ್ಲ. 1953ರಲ್ಲಿ ಅವರು ತೀರಿಕೊಂಡಾಗ, ದಶಕಗಳ ಕಾಲ ಅವರಲ್ಲಿ ಕಲಿತವರ ಬಳಿ ಒಂದು ತುಂಡು ಪ್ರಮಾಣಪತ್ರವೂ ಇರಲಿಲ್ಲ.

ಅಷ್ಟರಲ್ಲಿ ಶಿಷ್ಯರೇ ಎಷ್ಟು ಜನ ಉಳಿದಿದ್ದರು? 1945ರ ಏಪ್ರಿಲ್‌ನಿಂದ ಜೂನ್‌ವರೆಗೆ ನಡೆದ ಓಕಿನಾವಾ ಕದನದಲ್ಲಿ ದ್ವೀಪದ ನಾಗರಿಕರಲ್ಲಿ ನಾಲ್ಕನೇ ಒಂದರಷ್ಟು ಮಂದಿ ಸತ್ತರು. ಶುರಿ ಅರಮನೆಯ ಅಡಿಯಲ್ಲಿ ಜಪಾನಿ ಸೇನೆ ಸುರಂಗ ಕೊರೆದು ಕೂತಿತ್ತು, ಅರಮನೆ ನುಚ್ಚುನೂರಾಯಿತು. ‘ಅರೆಗಟ್ಟಿ’ ಎಂದು ಹೇಳಿ ಪಾರಾಗಿದ್ದ ಶಿಂಜಾತೊ ಯುದ್ಧದಲ್ಲಿ ಹೋದರು. 1936ರ ಸಭೆಯಲ್ಲಿ ಕುಳಿತಿದ್ದ ಕ್ಯಾನ್ ಚೋತೊಕು ಯುದ್ಧ ಮುಗಿದ ಮೇಲೆ, ಅನ್ನವಿಲ್ಲದೆ ಸತ್ತರು.

ಮಿಯಾಗಿ ತಮ್ಮ ಮನೆಯ ಹಿತ್ತಿಲಲ್ಲಿ ಮತ್ತೆ ಶುರುಮಾಡಿದರು. ಅವರ ಬಳಿಕ ಆ ಕಲ್ಲು, ಜಾಡಿಗಳು ಶಿಷ್ಯರಲ್ಲೊಬ್ಬರಾದ ಪೊಲೀಸ್ ಅಧಿಕಾರಿ ಮಿಯಾಜಾತೊ ಎಯಿಚಿ ಅವರ ಪಾಲಿಗೆ ಬಂದವು. ಅವರು 1957ರಲ್ಲಿ ನಾಹಾದಲ್ಲಿ ‘ಜುಂದೊಕಾನ್’ ದೋಜೊ ತೆರೆದರು. 1972ರವರೆಗೆ ದ್ವೀಪ ಅಮೆರಿಕದ ಹಿಡಿತದಲ್ಲಿತ್ತು. ನೆಲೆಗಳಲ್ಲಿದ್ದ ಸೈನಿಕರು ಕರಾಟೆ ಕಲಿತು ಊರಿಗೆ ಮರಳಿದರು, ಜೊತೆಗೆ ಬೆಲ್ಟನ್ನೂ ಒಯ್ದರು. 1984ರ ‘ದಿ ಕರಾಟೆ ಕಿಡ್’ ಚಿತ್ರದ ಮುದಿ ಗುರುವಿಗೆ ಮಿಯಾಗಿ ಎಂಬ ಹೆಸರು ಬಂದದ್ದು, ಚಿತ್ರಕಥೆ ಬರೆದಾತ ಗೋಜು-ರ್ಯು ಕಲಿತವನಾಗಿದ್ದರಿಂದ.

ಪದಕ ಮತ್ತು ಗಮಕು

2021ರ ಆಗಸ್ಟ್ 6. ಟೋಕಿಯೊದ ಬುದೊಕಾನ್ ಅಂಕಣದಲ್ಲಿ ಕಿಯುನಾ ರ್ಯೋ ಪುರುಷರ ಕತಾ ವಿಭಾಗದ ಚಿನ್ನ ಗೆದ್ದರು. ಓಕಿನಾವಾದ ಕ್ರೀಡಾಪಟುವೊಬ್ಬರ ಮೊದಲ ವೈಯಕ್ತಿಕ ಒಲಿಂಪಿಕ್ ಚಿನ್ನ ಅದು. ಎರಡು ವರ್ಷ ಹಿಂದೆ ತೀರಿಕೊಂಡಿದ್ದ ತಾಯಿಯ ಫೋಟೊ ಹಿಡಿದು ಅವರು ವೇದಿಕೆ ಹತ್ತಿದರು. ಫೈನಲ್‌ನಲ್ಲಿ ಅವರು ಮಾಡಿದ ‘ಒಹಾನ್ ದಾಯ್’ ಕತಾ, ನಕಾಯಿಮಾ ಎಂಬ ಒಂದೇ ಮನೆತನ ತಲೆಮಾರುಗಳ ಕಾಲ ಹೊರಗೆ ಬಿಡದೆ ಕಾಪಾಡಿದ ಪರಂಪರೆಯದು. ಮುಂದಿನ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಕರಾಟೆಯೇ ಇರಲಿಲ್ಲ.

2017ರಲ್ಲಿ ತೊಮಿಗುಸುಕುದಲ್ಲಿ ತೆರೆದ ‘ಓಕಿನಾವಾ ಕರಾಟೆ ಕೈಕಾನ್’ ಈಗ ಪರದೇಶಿ ಶಿಷ್ಯರ ಯಾತ್ರಾಸ್ಥಳ. ಕರಾಟೆಯನ್ನು ಯುನೆಸ್ಕೊ ಪಟ್ಟಿಗೆ ಸೇರಿಸಬೇಕೆಂದು ಪ್ರಾಂತ್ಯ ಓಡಾಡುತ್ತಿದೆ. ಯುನೆಸ್ಕೊದ ಇನ್ನೊಂದು ಪಟ್ಟಿಯಲ್ಲಿ ಓಕಿನಾವಾದ ಹೆಸರು 2009ರಲ್ಲೇ ಸೇರಿದೆ. ಅದು ಅಳಿವಿನಂಚಿನ ಭಾಷೆಗಳ ಪಟ್ಟಿ. ದ್ವೀಪದ ಮಕ್ಕಳು ಇವತ್ತು ಆಡುವುದು ಜಪಾನಿ. ಅಜ್ಜಿಯ ಮಾತು ಅವರಿಗೆ ಹಾಡಿನಲ್ಲಷ್ಟೇ ಪರಿಚಯ.

ಹಾಡಿನಲ್ಲಿ, ಮತ್ತೆ ದೋಜೊದಲ್ಲಿ. ಎಣಿಕೆ ಜಪಾನಿಯಲ್ಲೇ ನಡೆಯುತ್ತದೆ. ಆದರೆ ಮೈಯೊಳಗಿನ ಸೂಕ್ಷ್ಮ ಹೇಳಬೇಕಾದಾಗ ಗುರುಗಳಿಗೆ ಜಪಾನಿ ಸಾಲುವುದಿಲ್ಲ. ‘ಚಿಂಕುಚಿ’: ಏಟು ತಾಗುವ ಕ್ಷಣದಲ್ಲಿ ಮೂಳೆ, ನರ, ಸ್ನಾಯು ಒಂದಾಗಿ ಬಿಗಿದು ಮರುಕ್ಷಣ ಸಡಿಲಗೊಳ್ಳುವುದು. ‘ಮುಚಿಮಿ’: ಎದುರಾಳಿಯ ಕೈಗೆ ಕೈ ತಾಗಿದರೆ ಬಿಡದಂತೆ ಅಂಟಿಕೊಳ್ಳುವ ಗುಣ, ಬೇಯಿಸಿ ಕುಟ್ಟಿದ ಅಕ್ಕಿ ಹಿಟ್ಟಿನ ಅಂಟು. ‘ಗಮಕು’: ಪಕ್ಕೆ ಮುಗಿದು ಸೊಂಟದ ಮೂಳೆ ಶುರುವಾಗುವ ನಡುವಿನ ಆ ಮೆತ್ತನೆಯ ಜಾಗ. ಸಂಗೀತದ ಗಮಕಕ್ಕೂ ಇದಕ್ಕೂ ನಂಟಿಲ್ಲ. ಆದರೂ ನಮ್ಮ ಕಿವಿಗೆ ಹಾಗೆ ಕೇಳಿಸಿದರೆ ತಪ್ಪೂ ಇಲ್ಲ. ಸ್ವರದಿಂದ ಸ್ವರಕ್ಕೆ ಸಾಗುವ ಬಳುಕಿನಂತೆ ಕಾಲಿನ ಬಲ ಕೈಗೆ ದಾಟುವುದು ಅಲ್ಲಿಂದಲೇ. ಜಪಾನಿಯ ‘ಕೋಶಿ’ ಎಂದರೆ ಇಡೀ ಸೊಂಟ. ಆ ಒಂದು ಗೇಣು ಜಾಗಕ್ಕೆ ಅಲ್ಲಿ ಪದವಿಲ್ಲ.

ಜಾಡಿ ಹಿಡಿದ ಹುಡುಗ ಮೂರನೇ ಹೆಜ್ಜೆ ಇಟ್ಟು ನಿಂತಿದ್ದಾನೆ. ಬೆರಳು ನಡುಗುತ್ತಿವೆ, ಭುಜ ಮತ್ತೆ ಮೇಲೇರಿದೆ. ಗುರು ಭುಜವನ್ನು ಮುಟ್ಟಲಿಲ್ಲ. ಹಿಂದಿನಿಂದ ಬಂದು ಎರಡು ಬೆರಳನ್ನು ಪಕ್ಕೆಯ ಕೆಳಗೆ ಒತ್ತಿ, ‘ಗಮಕು ಹಾಕು’ ಎಂದರು. ಅಲ್ಲಿ ಬಿಗಿದ ಕೂಡಲೇ ಭುಜ ತಾನಾಗಿ ಇಳಿಯಿತು. ಹುಡುಗ ನಾಲ್ಕನೇ ಹೆಜ್ಜೆಗೆ ಕಾಲು ಸವರಿದ. ಬಾಗಿಲ ಪಕ್ಕದ ಬಕೆಟ್ಟಿನಲ್ಲಿ ಮರಳು ಕಾದಿದೆ.